ಜೆನೋನ್ ಮೆಲೋಶ್ ನೆಟ್ಟ ದಾರಿ

ಜೆನೋನ್ ಮೆಲೋಶ್ ಹೆಂಡ ಮುಟ್ಟಿದವನಲ್ಲ. ಸೇಂಟ್ ಕ್ಲೇರ್ ಸರೋವರದ ದಕ್ಷಿಣ ದಂಡೆಯಲ್ಲಿ ಈ ಮಾತು ಹೇಳಿದರೆ ಜನ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಏಕೆಂದರೆ ಆರು ಚಳಿಗಾಲ ನಮ್ಮೂರಿಂದ ಆಚೆಯ ಅಮೆರಿಕಕ್ಕೆ ದಾಟಿದ ವಿಸ್ಕಿಯಲ್ಲಿ ಮುಕ್ಕಾಲು ಪಾಲು ಅವನು ತೋರಿಸಿದ ದಾರಿಯಲ್ಲೇ ಹೋಗಿತ್ತು. ಅಪ್ಪ ಕುಡಿದು ಬಂದು, ಒಲೆಯ ಮೇಲೆ ಕುದಿಯುತ್ತಿದ್ದ ಬಟಾಣಿ ಸಾರನ್ನು ಪಾತ್ರೆಸಮೇತ ಹಿಮಕ್ಕೆ ಎಸೆದದ್ದನ್ನು ಅವನು ಏಳನೆಯ ವಯಸ್ಸಿನಲ್ಲಿ ಕಂಡಿದ್ದ. ಅಂದಿನಿಂದ ಅವನದು ಕರಿ ಚಹಾ ಮಾತ್ರ.

ಅವನ ವಿದ್ಯೆ ಮಂಜುಗಡ್ಡೆಯದು. ಜನವರಿಯಲ್ಲಿ ಸರೋವರ ಹೆಪ್ಪುಗಟ್ಟಿದ ಮೇಲೆ ಎಲ್ಲಿ ಅದು ಕಪ್ಪಗೆ ಗಟ್ಟಿಯಾಗಿದೆ, ಎಲ್ಲಿ ಬೆಳ್ಳಗೆ ಪೊಳ್ಳಾಗಿದೆ, ಎಲ್ಲಿ ಕೆಳಗಿನ ಸೆಳೆತ ಅದನ್ನು ಒಳಗಿಂದೊಳಗೇ ತಿನ್ನುತ್ತಿದೆ ಎಂಬುದು ಅವನಿಗೆ ಕಾಲಡಿಯಲ್ಲೇ ತಿಳಿಯುತ್ತಿತ್ತು. ಕೊಡಲಿಯ ಹಿಡಿಯನ್ನು ಊರಿ, ಇನ್ನೊಂದು ತುದಿಗೆ ಕಿವಿಗೊಟ್ಟು ನಿಲ್ಲುತ್ತಿದ್ದ. ಆಮೇಲೆ ಐವತ್ತು ಹೆಜ್ಜೆಗೊಂದರಂತೆ ಕುಳಿ ಕಡಿದು, ಅದರಲ್ಲಿ ಎಳೆಯ ದೇವದಾರು ಗಿಡವನ್ನು ನಿಲ್ಲಿಸಿ, ಸುತ್ತ ನೀರು ಹೊಯ್ಯುತ್ತಿದ್ದ. ಕಾಲು ಗಂಟೆಯಲ್ಲಿ ಗಿಡ ಕಂಬದಂತೆ ನಿಲ್ಲುತ್ತಿತ್ತು. ಅವನ ಅಪ್ಪನೂ ಅಜ್ಜನೂ ಹೀಗೆಯೇ ಹುಲ್ಲಿನ ಬಂಡಿಗಳಿಗೆ, ಪಾದ್ರಿಯ ಜಾರುಗಾಡಿಗೆ ದಾರಿ ನೆಟ್ಟವರು. ಎಂಥ ದಟ್ಟ ಮಂಜಿನ ಕಾವಳ ಕವಿದರೂ ಒಂದು ಗಿಡದ ಹತ್ತಿರ ನಿಂತರೆ ಮುಂದಿನ ಗಿಡ ಕಾಣಬೇಕು, ಇದು ಆ ಮನೆತನದ ಲೆಕ್ಕ.

೧೯೨೦ರಲ್ಲಿ ಆಚೆ ದಂಡೆಯ ದೇಶ ಮದ್ಯವನ್ನು ನಿಷೇಧಿಸಿತು. ನಮ್ಮ ಕಡೆ ಅಂಗಡಿಯಲ್ಲಿ ಮಾರುವಂತಿರಲಿಲ್ಲ, ಭಟ್ಟಿ ಇಳಿಸಿ ಹೊರದೇಶಕ್ಕೆ ಕಳಿಸಬಹುದಿತ್ತು. ಕಾಗದದಲ್ಲಿ ಸರಕು ಹೋಗುವ ದೇಶ 'ಕ್ಯೂಬಾ' ಎಂದು ಬರೆದರೆ ಗುಮಾಸ್ತ ತಲೆಯೆತ್ತದೆ ಮುದ್ರೆ ಒತ್ತುತ್ತಿದ್ದ. ಬಾಗಿಲು ಕಿತ್ತ ಹಳೇ ಕಾರು ಬೆಳಿಗ್ಗೆ ಮಂಜುಗಡ್ಡೆಯ ಮೇಲೆ ಕ್ಯೂಬಾಕ್ಕೆ ಹೊರಟು, ಸಂಜೆಯ ಊಟಕ್ಕೆ ಮನೆಗೆ ಬಂದಿರುತ್ತಿತ್ತು. ಬಾಗಿಲು ಕೀಳುತ್ತಿದ್ದದ್ದು, ಐಸು ಬಿರಿದರೆ ಹಾರಿಕೊಳ್ಳಲಿಕ್ಕೆ. ಅಮೆರಿಕದ ಕಾವಲಿನವರ ಕಣ್ಣು ತಪ್ಪಿಸಲು ಕಾವಳ ಬಿದ್ದ ದಿನವನ್ನೇ ಆರಿಸುತ್ತಿದ್ದರು. ಕಾವಳದಲ್ಲಿ ಹೋಗಬೇಕಾದರೆ ಜೆನೋನನ ಗಿಡಗಳೇ ಗತಿ. ಡೆಟ್ರಾಯಿಟ್‌ನಲ್ಲಿ ಆಗ ಇಬ್ಬರು ದೊಡ್ಡ ಖರೀದಿದಾರರಿದ್ದರು. ಇಬ್ಬರ ಕಾರುಗಳಿಗೂ ಅದೇ ದಾರಿ. ಜೆನೋನ್ ಯಾರಿಗೂ ಇಲ್ಲವೆನ್ನುತ್ತಿರಲಿಲ್ಲ.

"ದಾರಿ ಅಂದ್ಮೇಲೆ ಎಲ್ರದ್ದೂ," ಅನ್ನುತ್ತಿದ್ದ. "ಪಾದ್ರಿಯೂ ಅದ್ರಲ್ಲೇ ಹೋಗ್ಲಿ, ಕಳ್ಳನೂ ಅದ್ರಲ್ಲೇ ಹೋಗ್ಲಿ. ಮುಳುಗಬಾರ್ದು, ಅಷ್ಟೆ."

ಈ ವಿದ್ಯೆಯನ್ನು ಅವನು ಕಲಿಸಿದ್ದು ಒಬ್ಬನಿಗೇ, ಹೆಂಡತಿ ದೆಲಿಮಾಳ ತಮ್ಮ ಓವಿಲಾ ರೆನೋಗೆ. ತಾಯಿಯಿಲ್ಲದೆ ಅಕ್ಕನ ಕೈಯಲ್ಲಿ ಬೆಳೆದ ಓವಿಲಾ ಮಾತಿನಮಲ್ಲ, ನಗುಮುಖದವನು, ಕಾರು ಓಡಿಸುವುದರಲ್ಲಿ ಗಟ್ಟಿಗ. ಜೆನೋನನಿಗೆ ಇಬ್ಬರೂ ಹೆಣ್ಣುಮಕ್ಕಳು. ಓವಿಲಾನ ಮದುವೆಯ ದಿನ ಜೆನೋನ್ ತನ್ನ ಅಪ್ಪನ ಕಾಲದ ಐಸುಳಿಯನ್ನು, ಆಳೆತ್ತರದ ಹಿಡಿಯಿರುವ ಆ ಉಕ್ಕಿನ ಉಳಿಯನ್ನು, ಅವನ ಕೈಗಿತ್ತ. ಅದರ ಬಾಯಲ್ಲಿ ಒಂದು ಹಲ್ಲು ಮುರಿದಿತ್ತು. "ಹೊಸದು ಕೊಡ್ಸೋಕೆ ಆಗ್ಲಿಲ್ವಾ ಭಾವ?" ಎಂದು ಓವಿಲಾ ತಮಾಷೆ ಮಾಡಿದ. "ಹೊಸದು ಅಂಗ್ಡೀಲಿ ಸಿಗತ್ತೆ. ಇದು ಸಿಗಲ್ಲ," ಅಂದ ಜೆನೋನ್.

೧೯೨೭ರ ಫೆಬ್ರವರಿಯ ಒಂದು ಬುಧವಾರ, ಬೆಳಗಿನ ಒಂಬತ್ತರ ಹೊತ್ತಿಗೆ ಕಾವಳ ಗೋಡೆಯಂತೆ ಕವಿದಿತ್ತು. ಎರಡು ಕಾರುಗಳು ಒಂದರ ಹಿಂದೊಂದು ಹೊರಟವು. ಮುಂದಿನದನ್ನು ಓಡಿಸುತ್ತಿದ್ದವನು ಕ್ಲೆಯೋಫಾಸ್ ಲಾಂಗ್ಲ್ವಾ, ಜೆನೋನನ ಮೂರು ಮನೆ ಆಚೆಯವನು. ಓವಿಲಾ ದುಡಿಯುತ್ತಿದ್ದದ್ದು ಒಬ್ಬ ಖರೀದಿದಾರನಿಗೆ, ಕ್ಲೆಯೋಫಾಸ್ ಇನ್ನೊಬ್ಬನಿಗೆ. ದಂಡೆಯಿಂದ ನಾಲ್ಕು ಮೈಲು ಆಚೆ, ಗಿಡದಿಂದ ಗಿಡಕ್ಕೆ ಸರಿಯಾಗಿಯೇ ಹೋಗುತ್ತಿದ್ದ ಮುಂದಿನ ಕಾರು ಸದ್ದೇ ಮಾಡದೆ ಕೆಳಗಿಳಿದುಹೋಯಿತು. ಹಿಂದಿನ ಕಾರಿನಲ್ಲಿದ್ದ ಕ್ಲೆಯೋಫಾಸನ ಜೊತೆಗಾರ ಬ್ರೇಕು ಒತ್ತಿ, ಹಾರಿ, ಹೊಟ್ಟೆಯ ಮೇಲೆ ತೆವಳಿಕೊಂಡು ಅಂಚಿಗೆ ಹೋಗಿ ನೋಡಿದ. ಕರಿ ನೀರು, ಅದರ ಮೇಲೆ ಹುಲ್ಲು ಸುತ್ತಿದ ನಾಲ್ಕು ಬಾಟಲಿಗಳು. ಓಡುತ್ತಲೇ ದಂಡೆಗೆ ಬಂದು ಅವನು ಕೂಗಿದ ಮೊದಲ ಮಾತು: "ಜೆನೋನನ ಗಿಡದ ಪಕ್ಕದಲ್ಲೇ! ಪಕ್ಕದಲ್ಲೇ!"

ಮರುದಿನ ಕೊಕ್ಕೆ ಹಾಕಿ ಹೆಣವನ್ನು ತೆಗೆದರು. ಗಂಡಸರು ಹಲಗೆಯ ಮೇಲೆ ಅದನ್ನು ಎಳೆದು ತರುತ್ತಿದ್ದಾಗ ಜೆನೋನ್ ಹಗ್ಗಕ್ಕೆ ಕೈ ಹಾಕಲು ಹೋದ. ಒಬ್ಬ ಹಗ್ಗವನ್ನು ಆಚೆ ಜಗ್ಗಿಕೊಂಡ. ಇನ್ನೊಬ್ಬ ಅವನ ಬೂಟಿನ ಮುಂದೆ ಉಗಿದ.

ಶುಕ್ರವಾರ ಅವನು ಒಬ್ಬನೇ ಸರೋವರಕ್ಕೆ ಹೋದ. ತಾನೇ ತಪ್ಪಿದೆನೋ ಎಂದು ತಿಳಿಯಬೇಕಿತ್ತು. ನಾಲ್ಕನೆಯ ಮೈಲಿಗೆ ಬಂದಾಗ ಅವನ ಕಾಲೇ ಹೇಳಿತು, ಇದು ತನ್ನ ದಾರಿಯಲ್ಲ ಎಂದು. ಸೆಳೆತ ಹರಿಯುವ ಜಾಗವನ್ನು ಬಳಸಿ ಹೋಗಲು ಅವನು ಪಶ್ಚಿಮಕ್ಕೆ ಬಾಗಿಸಿದ್ದ ಸಾಲು ಈಗ ನೇರವಾಗಿ ಸೆಳೆತದ ನೆತ್ತಿಯ ಮೇಲೇ ನಿಂತಿತ್ತು. ಇನ್ನೂರು ಹೆಜ್ಜೆ ಪಶ್ಚಿಮಕ್ಕೆ ನಡೆದು ಮಂಡಿಯೂರಿ ಹಿಮ ಸರಿಸಿದ. ಅಲ್ಲಿದ್ದವು ಅವನ ಕುಳಿಗಳು, ಒಂಬತ್ತು, ಮತ್ತೆ ನೀರು ತುಂಬಿ ಹೆಪ್ಪುಗಟ್ಟಿ, ಒಳಗೆ ದೇವದಾರಿನ ತೊಗಟೆಯ ಚೂರು ಹಿಡಿದುಕೊಂಡು. ಮತ್ತೆ ಬಂದು, ಅವಸರದಲ್ಲಿ ಅರ್ಧವೇ ನೀರು ಹೊಯ್ದಿದ್ದ ಹೊಸ ಕುಳಿಗಳ ಅಂಚನ್ನು ಬೆರಳಿಂದ ಸವರಿದ. ಪ್ರತಿ ಕುಳಿಯ ಗೋಡೆಯಲ್ಲೂ ತೆಳ್ಳನೆಯ ಏಣು, ಮೇಲಿಂದ ಕೆಳಗಿನವರೆಗೆ. ಹಲ್ಲು ಮುರಿದ ಉಳಿ ಬಿಡುವ ಗೆರೆ.

ಏಳುವಾಗ ಮಂಡಿಯ ಬಟ್ಟೆ ಮಂಜುಗಡ್ಡೆಗೆ ಅಂಟಿಕೊಂಡು ಹರಿಯಿತು.

ಓವಿಲಾ ಕೊಟ್ಟಿಗೆಯಲ್ಲಿ ನೀರಿಲಿಯ ತೊಗಲು ಹೆರೆಯುತ್ತಿದ್ದ. ಈಸ್ಟರಿಗೆ ಮುಂಚಿನ ಉಪವಾಸದ ದಿನಗಳಲ್ಲಿ ನಮ್ಮೂರವರಿಗೆ ಅದೊಂದೇ ಮಾಂಸ, ಪಾದ್ರಿಗಳೇ ಮೀನಿನ ಜಾತಿಗೆ ಸೇರಿಸಿಕೊಟ್ಟದ್ದು. ಭಾವನ ಮುಖ ನೋಡಿ ಕತ್ತಿ ಕೆಳಗಿಟ್ಟ.

"ಉಳಿ ಎಲ್ಲಿ?" ಕೇಳಿದ ಜೆನೋನ್.

"ಯಾವ ಉಳಿ?"

"ನನ್ಹತ್ರ ಆಟ ಆಡ್ಬೇಡ, ಓವಿಲಾ."

ಓವಿಲಾ ಗೋಡೆಗೆ ಒರಗಿದ. "ಸಾಯ್ಲಿ ಅಂತ ಮಾಡಿದ್ದಲ್ಲ ಭಾವ. ದೇವರಾಣೆ. ಎರಡು ಕಾರು ನೀರಿಗೆ ಹೋದ್ರೆ ಆ ಇನ್ನೊಬ್ಬನ ಕಡೆಯೋರು ಹೆದ್ರಿ ಈ ದಾರಿ ಬಿಡ್ತಾರೆ, ದಾರಿ ನಮ್ಮೊಬ್ಬರದೇ ಆಗತ್ತೆ ಅಂದ ನಮ್ಮ ಡೆಟ್ರಾಯಿಟ್‌ನೋನು. ಬಾಗಿಲಿಲ್ದ ಕಾರು, ಹಾರ್ಕೊತಾನೆ ಅಂದ್ಕೊಂಡೆ. ಆ ಪುಣ್ಯಾತ್ಮ ಕೋಟಿನ ಮೇಲೆ ಕೋಟು ಹಾಕ್ಕೊಂಡು ಕೂತಿದ್ದ."

"ನನ್ನ ಗಿಡ ನಂಬ್ಕೊಂಡು ಕೂತಿದ್ದ."

"ಗಿಡ ಸರಿಸಿದ್ದು ಅಂತ ಯಾರಿಗೆ ಗೊತ್ತಾಗತ್ತೆ? ನಿಂಗೂ ವಯಸ್ಸಾಯ್ತು, ಒಂದ್ಸಲ ಲೆಕ್ಕ ತಪ್ತು ಅಂತಾರೆ. ಒಂದು ವರ್ಷ ಕಳದ್ರೆ ಮರೀತಾರೆ."

ಜೆನೋನ್ ಅವನನ್ನು ಹೊಡೆಯಲಿಲ್ಲ. ಹೊಡೆಯಬೇಕೆಂದು ಕೈ ಎತ್ತಿದವನಿಗೆ, ತಾನೇ ಹಿಡಿದು ಮಂಜುಗಡ್ಡೆಯ ಮೇಲೆ ನಡೆಯಲು ಕಲಿಸಿದ ಭುಜ ಕಂಡಿತು. ತಿರುಗಿ ನಡೆದ.

ಮನೆಯಲ್ಲಿ ದೆಲಿಮಾ ಚಹಾ ಬಗ್ಗಿಸಿ ಮುಂದಿಟ್ಟಳು. ಅವನು ಎಲ್ಲ ಹೇಳಿದ. ಅವಳು ಅಚ್ಚರಿಪಡಲಿಲ್ಲ. ಅದನ್ನು ಗಮನಿಸಲು ಅವನಿಗೆ ತುಸು ಹೊತ್ತು ಬೇಕಾಯಿತು.

"ನಿಂಗೆ ಗೊತ್ತಿತ್ತು," ಅಂದ.

"ಬುಧವಾರ ಮಧ್ಯಾಹ್ನ ಬಂದು ಕಾಲು ಹಿಡ್ಕೊಂಡು ಅತ್ತ."

"ನಿನ್ನೆ ಅವರು ನನ್ನ ಕಾಲ ಮುಂದೆ ಉಗುದ್ರು. ನಾನು ಬಂದು ನಿಂಗೆ ಹೇಳ್ದೆ. ನೀನು ಚಹಾ ಕೊಟ್ಟೆ."

"ಮತ್ತೇನು ಮಾಡ್ಲಿ? ನೀನು ಬಾಯಿ ಬಿಟ್ರೆ ಅವನಿಗೆ ನೇಣು. ನಿಂಗಾದ್ರೆ ಕೆಟ್ಟ ಹೆಸರು, ಅಷ್ಟೆ ತಾನೆ?"

ಅವನು ಎದ್ದು ನೆಟ್ಟಗೆ ಪೊಲೀಸಿನವನ ಮನೆಗೆ ಹೋದ. ಕುಳಿಗಳನ್ನು ಬಂದು ನೋಡು ಅಂದ. "ಭಾನುವಾರದ ಪೂಜೆ ಮುಗೀಲಿ, ಸೋಮವಾರ ಹೋಗೋಣ," ಅಂದ ಅವನು. ಶನಿವಾರ ಮಳೆ ಬಂತು. ಬೆಚ್ಚನೆಯ, ಸುಮ್ಮನೆ ಸುರಿಯುವ ಮಳೆ. ಸೋಮವಾರದ ಹೊತ್ತಿಗೆ ಹಳೇ ಕುಳಿ, ಹೊಸ ಕುಳಿ, ಉಳಿಯ ಗೆರೆ ಎಲ್ಲ ಒಂದೇ ಕೆಸರುನೀರಾಗಿತ್ತು.

ಸಾವಿನ ವಿಚಾರಣೆ ಶಾಲೆಯ ಕೋಣೆಯಲ್ಲಿ ನಡೆಯಿತು. ಮಕ್ಕಳ ಬೆಂಚುಗಳಲ್ಲಿ ಊರೇ ಇಕ್ಕಟ್ಟಾಗಿ ಕುಳಿತಿತ್ತು. ಜೆನೋನ್ ಕಂಡದ್ದನ್ನು ಕಂಡಂತೆ ಹೇಳಿದ, ಓವಿಲಾನ ಹೆಸರನ್ನೂ ಹೇಳಿದ. ಓವಿಲಾ ಎದ್ದು, ಕಾರು ಮುಳುಗಿದ ಹಿಂದಿನ ದಿನ, ಮಂಗಳವಾರವಿಡೀ, ತಾನು ಅಕ್ಕನ ಮನೆಯಲ್ಲೇ ಇದ್ದೆ ಅಂದ. ವಿಚಾರಣೆಯ ಅಧಿಕಾರಿ ದೆಲಿಮಾಳನ್ನು ಕರೆದ. ಅವಳು ಬೈಬಲಿನ ಮೇಲೆ ಕೈಯಿಟ್ಟಳು.

"ಹೌದು, ನಮ್ಮನೇಲೇ ಇದ್ದ. ಕೊಟ್ಟಿಗೆಯ ಸೂರು ರಿಪೇರಿ ಮಾಡ್ತಿದ್ದ. ನಮ್ಜೊತೇಲೇ ಊಟ ಮಾಡ್ದ."

"ನಿಮ್ಮ ಗಂಡ?"

ಅವಳು ಜೆನೋನನ ಕಡೆ ನೋಡಲಿಲ್ಲ. "ಅವರು ಈಚೆಗೆ ಕುಡೀತಾರೆ ಸ್ವಾಮಿ. ಯಾರಿಗೂ ಗೊತ್ತಿಲ್ಲ. ಆ ವಾರ ಗಿಡ ನೆಡೋಕೆ ಹೋದಾಗ್ಲೂ ಕುಡಿದಿದ್ರು. ಈಗ ಹೆದರ್ಕೊಂಡು ನನ್ನ ತಮ್ಮನ ಮೇಲೆ ಹಾಕ್ತಿದಾರೆ."

ಕೋಣೆಯಲ್ಲಿ ಒಂದು ನಿಟ್ಟುಸಿರು ಹರಿದಾಡಿತು. ಊರಿಗೆ ಬೇಕಾಗಿದ್ದದ್ದು ಇಂಥದ್ದೇ ಒಂದು ಉತ್ತರ. ಕುಡಿಯದ ಮನುಷ್ಯನನ್ನು ಅವರು ಎಂದೂ ಪೂರ್ತಿ ನಂಬಿರಲಿಲ್ಲ. ಅವನೂ ತಮ್ಮಂತೆಯೇ, ಅದೂ ಕದ್ದು ಎಂದು ತಿಳಿದಾಗ ಎಲ್ಲವೂ ಹೊಂದಿಕೊಂಡಿತು. ಜೆನೋನ್ ಎದ್ದು ನಿಂತ. ಮತ್ತೆ ಕುಳಿತ. ಇಪ್ಪತ್ತು ವರ್ಷ ಜೊತೆಗೆ ಮಲಗಿದವಳು ಅಷ್ಟು ಸಲೀಸಾಗಿ, ಸೊಪ್ಪಿನ ಬೆಲೆ ಹೇಳುವಷ್ಟು ಸಲೀಸಾಗಿ, ಅಪ್ಪನ ರೋಗವನ್ನು ತನಗೆ ಅಂಟಿಸಿದ್ದಳು. ಅಪ್ಪನ ವಿಷಯ ಅವನು ಹೇಳಿಕೊಂಡದ್ದು ಅವಳೊಬ್ಬಳ ಹತ್ತಿರ.

ತೀರ್ಪು ಆಕಸ್ಮಿಕ ಸಾವು ಎಂದಾಯಿತು. ಯಾರಿಗೂ ಶಿಕ್ಷೆಯಾಗಲಿಲ್ಲ. ಮುಂದಿನ ಭಾನುವಾರ ಚರ್ಚಿನ ಮೆಟ್ಟಿಲ ಮೇಲೆ ಕ್ಲೆಯೋಫಾಸನ ಹೆಂಡತಿ ಅಲ್ಫೋನ್ಸಿನ್ ಅವನನ್ನು ತಡೆದು ನಿಲ್ಲಿಸಿದಳು.

"ನಿನ್ನ ಗಿಡ ಕಂಡ್ರೆ ನನ್ನ ಗಂಡ ಕಣ್ಮುಚ್ಕೊಂಡು ಹೋಗ್ತಿದ್ದ, ಜೆನೋನ್."

"ನಾನಲ್ಲ, ಅಲ್ಫೋನ್ಸಿನ್. ಗಿಡ ಸರಿಸಿದ್ರು."

"ನಿನ್ನ ಹೆಂಡ್ತಿನೇ ಹೇಳಿದ್ಲಲ್ಲ. ಯಾವ ಹೆಂಡ್ತಿ ಗಂಡನ ಮೇಲೆ ಸುಳ್ಳು ಹೇಳ್ತಾಳೆ?"

ಜೆನೋನ್ ಮೆಟ್ಟಿಲಿಳಿದು ಮನೆಯ ಕಡೆ ನಡೆದ.

ಆ ಬೇಸಿಗೆ ಅವನು ಐವತ್ತು ಮೈಲು ದೂರದ ಬೀಟ್ ಸಕ್ಕರೆ ಕಾರ್ಖಾನೆಯಲ್ಲಿ ಕೆಲಸ ಹಿಡಿದ. ಶನಿವಾರ ಸಂಜೆ ಬಂದು ಸೋಮವಾರ ಬೆಳಿಗ್ಗೆ ಹೋಗುತ್ತಿದ್ದ. ಮನೆ ಬಿಡಲಿಲ್ಲ. ಹೆಣ್ಣುಮಕ್ಕಳಿಬ್ಬರ ಮದುವೆಯಾಗಬೇಕಿತ್ತು, ಹೆಂಡತಿಯನ್ನು ಬಿಟ್ಟವನಿಗೆ ನಮ್ಮಲ್ಲಿ ಚರ್ಚಿನ ಬಾಗಿಲೂ ಮುಚ್ಚುತ್ತಿತ್ತು. ಸೌದೆ ಮುಗಿದಿದೆ, ಹಸು ಈದಿದೆ, ಉಪ್ಪು ತಾ, ಇಷ್ಟೇ ಗಂಡಹೆಂಡಿರ ಮಾತು. ಮೊದಮೊದಲು ದೆಲಿಮಾ ಅತ್ತು ಕರೆದು ಮಾಡಿದಳು, ಅವನಿಗೆ ಇಷ್ಟವಾದ ಮಾಂಸದ ಕಡುಬು ಬೇಯಿಸಿಟ್ಟಳು. ಅವನು ಹಸಿದಷ್ಟು ತಿಂದು ಏಳುತ್ತಿದ್ದ. ಕೋಪ ತೋರಿಸಿದ್ದರೆ ಅವಳಿಗೆ ಹಗುರವಾಗುತ್ತಿತ್ತೇನೋ.

ವಿಸ್ಕಿಯ ದುಡ್ಡಿನಲ್ಲಿ ಓವಿಲಾ ಮೇಲೆ ಬಂದ. ಇಟ್ಟಿಗೆಯ ಎರಡಂತಸ್ತಿನ ಮನೆ, ಚರ್ಚಿನಲ್ಲಿ ಮುಂದಿನ ಸಾಲು. ಹಳ್ಳಿಯ ದಾರಿಯಲ್ಲಿ ಎದುರಾದರೆ ಅವನೇ ಮೊದಲು, "ಹೇಗಿದೀಯ ಭಾವ?" ಅನ್ನುತ್ತಿದ್ದ, ಜನ ಕೇಳುವಷ್ಟು ಜೋರಾಗಿ. ದೊಡ್ಡ ಮನಸ್ಸಿನವನು, ಅಷ್ಟಾದರೂ ಮಾತಾಡಿಸುತ್ತಾನೆ ಎಂದು ಊರು ಹೊಗಳಿತು. ೧೯೩೩ರಲ್ಲಿ ಅಮೆರಿಕ ತನ್ನ ಕಾನೂನನ್ನು ತಾನೇ ಹಿಂದಕ್ಕೆ ತೆಗೆದುಕೊಂಡಿತು. ಅಷ್ಟು ಹೊತ್ತಿಗೆ ಓವಿಲಾ ಕಾರು ಮಾರುವ ಅಂಗಡಿ ಇಟ್ಟಾಗಿತ್ತು.

ಮೂರು ವರ್ಷದ ಮೇಲೆ ಅವನು ಎದೆಯ ಜ್ವರದಿಂದ ಸತ್ತ. ಹೆಣ ಹೊರಲು ಆರು ಜನ ಬೇಕು, ಅಕ್ಕನ ಗಂಡ ಮುಂದಿನ ಹಿಡಿ ಹಿಡಿಯಬೇಕು ಎಂದು ಹೇಳಿಕಳಿಸಿದರು. ಜೆನೋನ್ ಹೋಗಲಿಲ್ಲ. ಮೆರವಣಿಗೆ ಹಾಯುವಾಗ ಗೇಟಿನ ಬಳಿ ನಿಂತಿದ್ದ, ಹೆಣಕ್ಕೆ ತೆಗೆಯಬೇಕಾದ ಟೊಪ್ಪಿ ತಲೆಯ ಮೇಲೆ ಹಾಗೇ ಇತ್ತು. ಎಲ್ಲರೂ ಕಂಡರು. ಕರಿ ಬಟ್ಟೆಯಲ್ಲಿ ಹಿಂದೆ ನಡೆಯುತ್ತಿದ್ದ ದೆಲಿಮಾಳೂ ಕಂಡಳು.

ಮಧ್ಯಾಹ್ನ ಮನೆಗೆ ಬಂದವಳು ಕೈಗವಸು ಕಳಚುತ್ತಾ ಬಾಗಿಲಲ್ಲೇ ನಿಂತಳು.

"ಟೊಪ್ಪಿ ತೆಗೀಬಹುದಿತ್ತು."

"ತೆಗೀಬಹುದಿತ್ತು."

"ನಾನು ಅವನ್ನ ಉಳಿಸ್ಕೊಂಡೆ, ಜೆನೋನ್. ಅವನ ಜಾಗದಲ್ಲಿ ನೀನಿದ್ದಿದ್ರೆ ನಿನಗೋಸ್ಕರಾನೂ ಸುಳ್ಳು ಹೇಳ್ತಿದ್ದೆ."

ಒಂಬತ್ತು ವರ್ಷಗಳಲ್ಲಿ ಅವಳು ಸುಳ್ಳು ಎಂಬ ಪದವನ್ನು ಬಾಯಿಗೆ ತಂದದ್ದು ಅದೇ ಮೊದಲು.

"ಹೋಗು, ಅದನ್ನ ಅಲ್ಫೋನ್ಸಿನ್‌ಗೆ ಹೇಳು," ಅಂದ. "ಅವಳೊಬ್ಬಳಿಗೆ ಸಾಕು."

ದೆಲಿಮಾ ಮತ್ತೆ ಕೈಗವಸು ಹಾಕಿಕೊಂಡಳು. ಗೇಟು ದಾಟಿ, ಮೂರನೆಯದಾದ ಅಲ್ಫೋನ್ಸಿನಳ ಮನೆಯ ಕಡೆ ನಡೆದಳು. ಕಿಟಕಿಯಿಂದ ಅವನು ನೋಡುತ್ತಿದ್ದ. ಒಂದನೇ ಮನೆ ದಾಟಿದಳು, ಎರಡನೆಯದರ ಬೇಲಿಯ ಹತ್ತಿರ ನಿಂತಳು, ಬೇಲಿಯ ಕಂಬವನ್ನು ಹಿಡಿದುಕೊಂಡಳು. ಹಾಗೆಯೇ ಹಿಂದಿರುಗಿ ಬಂದು, ಕೋಟನ್ನೂ ತೆಗೆಯದೆ, ಆಲೂಗಡ್ಡೆ ಸುಲಿಯತೊಡಗಿದಳು.

ಜೆನೋನ್ ಇನ್ನೂ ಹದಿನಾಲ್ಕು ವರ್ಷ ಬದುಕಿದ. ಅವಳು ಆ ಮಾತನ್ನು ಯಾರಿಗೂ ಹೇಳಲಿಲ್ಲ, ಅವನು ಮತ್ತೆ ಕೇಳಲೂ ಇಲ್ಲ.