ಬೂನ್ ಲೇ ಮೆಟ್ಟಿಲಿನಿಂದ ಸ್ಕೈ ದ್ವೀಪದ ಬೆಟ್ಟಕ್ಕೆ

ಬೆಳಗಿನ ಆರೂವರೆ. ಏಳು ಗಂಟೆಗೆ ಮುಂಚೆ ಸಿಂಗಪುರದ ಸೂರ್ಯ ಮುಖ ತೋರಿಸುವವನಲ್ಲ. ಬೂನ್ ಲೇ ಹತ್ತಿರದ ಹದಿಮೂರು ಮಹಡಿಯ ಹಳೆಯ ವಸತಿ ಬ್ಲಾಕೊಂದರ ನೆಲಮಹಡಿಯ ತೆರೆದ ಜಾಗವಾದ ವಾಯ್ಡ್ ಡೆಕ್‌ನಲ್ಲಿ, ಟ್ಯೂಬ್‌ಲೈಟಿನ ಕೆಳಗೆ, ಒಂಬತ್ತು ಮಂದಿ ಹಿರಿಯರು ಸಾಲಾಗಿ ನಿಂತಿದ್ದಾರೆ. ಮೈಮೇಲೆ ಮೊಣಕಾಲು ಮುಟ್ಟುವ ರೇನ್‌ಕೋಟು, ಕಾಲಿಗೆ ದಪ್ಪ ಅಟ್ಟೆಯ ಬೂಟು, ಕೊರಳಲ್ಲಿ ಕಿತ್ತಳೆ ಬಣ್ಣದ ಸೀಟಿ. ಮಳೆಯ ಸುಳಿವೇ ಇಲ್ಲ. ನಿಂತಲ್ಲೇ ಎಲ್ಲರಿಗೂ ಬೆವರು ಕಿತ್ತುಕೊಂಡು ಬರುತ್ತಿದೆ.

ಸೈಕಲ್ ತಳ್ಳಿಕೊಂಡು ಹೊರಟ ಚೀನೀ ಅಜ್ಜನೊಬ್ಬ ಈ ದಂಡನ್ನು ನೋಡಿ ನಿಲ್ಲುತ್ತಾನೆ. "ಆಂಟಿ, ನೋ ರೇನ್ ಲಾ!"

"ಸ್ಕಾಟ್ಲೆಂಡ್ ಗಾಟ್ ರೇನ್, ಅಂಕಲ್!" ಸಾಲಿನ ಮುಂದೆ ನಿಂತ ಹೆಂಗಸು ನಗುತ್ತ ಉತ್ತರ ಕೊಡುತ್ತಾರೆ. ಆಮೇಲೆ ಹಿರಿಯರ ಕಡೆ ತಿರುಗಿ, "ಹೊರಡೋಣ್ವಾ? ಲಿಫ್ಟ್ ಕಡೆ ಯಾರೂ ಆಸೆ ಕಣ್ಣಿಂದ ನೋಡ್ಬಾರ್ದು. ಅಲ್ಲಿ ಬೆಟ್ಟಕ್ಕೆ ಲಿಫ್ಟ್ ಇಲ್ಲ" ಎನ್ನುತ್ತಾರೆ. ಬೂಟುಗಳ ದಡಬಡ ಸದ್ದು ಮೆಟ್ಟಿಲೇರತೊಡಗುತ್ತದೆ.

ಇವರು ರೇಣುಕಾ. ವಯಸ್ಸು ಐವತ್ಮೂರು. ಲಿಟಲ್ ಇಂಡಿಯಾದ ಸಂದಿಯೊಂದರ ಪುಟ್ಟ ಟ್ರಾವೆಲ್ ಆಫೀಸಿನಲ್ಲಿ ಕೆಲಸ. ವರ್ಷಕ್ಕೆ ಎರಡು ಸಲ, ಮಕ್ಕಳ ಮನೆಗೆಂದು ಸಿಂಗಪುರಕ್ಕೆ ಬಂದ ಕನ್ನಡದ ತಂದೆತಾಯಿಯರನ್ನು ಸ್ಕಾಟ್ಲೆಂಡಿನ ದೂರದ ದ್ವೀಪಗಳಿಗೂ ಬೆಟ್ಟಗಳಿಗೂ ಕರೆದುಕೊಂಡು ಹೋಗಿ ಬರುತ್ತಾರೆ. ಮಕ್ಕಳಿಗೆ ರಜೆ ಸಿಗುವುದಿಲ್ಲ. ಕಾಂಡೋ ಫ್ಲ್ಯಾಟಿನ ನಾಲ್ಕು ಗೋಡೆಯೊಳಗೆ ಹಿರಿಯರಿಗೆ ಹೊತ್ತು ಹೋಗುವುದಿಲ್ಲ. ಇಬ್ಬರ ಕಷ್ಟಕ್ಕೂ ರೇಣುಕಾ ಮದ್ದು. ಹನ್ನೊಂದು ದಿನದ ಆ ಪ್ರವಾಸದಲ್ಲಿ ದಾರಿ ತೋರಿಸುವವರು, ಅಡುಗೆ ಮಾಡುವವರು, ಮಾತ್ರೆ ನೆನಪಿಸುವವರು, ಗಂಡಹೆಂಡಿರ ಜಗಳ ಬಿಡಿಸುವವರು ಎಲ್ಲ ಒಬ್ಬರೇ.

ಊರು ಹುಣಸೂರು. ಗಂಡ ಅಚ್ಯುತ ಟುವಾಸ್‌ನ ಕಾರ್ಖಾನೆಯಲ್ಲಿ ಟೆಕ್ನೀಷಿಯನ್. ಮದುವೆಯಾಗಿ ಬಂದು ಇಪ್ಪತ್ತೇಳು ವರ್ಷವಾಯಿತು. ಕಾರ್ಖಾನೆಯಲ್ಲಿ ಕೆಲಸದವರನ್ನು ಕಡಿಮೆ ಮಾಡಿದಾಗ ಅಚ್ಯುತ ಎಂಟು ತಿಂಗಳು ಮನೆಯಲ್ಲಿ ಕೂರಬೇಕಾಯಿತು. ಆಗ ರೇಣುಕಾ ಟಿಕೆಟ್ ಬರೆಯುವ ಕೆಲಸಕ್ಕೆ ಸೇರಿದರು. ೨೦೧೪ರ ಮೇ ತಿಂಗಳಲ್ಲಿ, ಹೊರಡಲು ಎರಡೇ ದಿನವಿದ್ದಾಗ ಪ್ರವಾಸದ ಅಡುಗೆಯವರಿಗೆ ಚಿಕನ್‌ಪಾಕ್ಸ್ ಬಂತು. ಆಫೀಸಿನ ಮಾಲೀಕ ಸುಭಾಷ್ ಕೌಂಟರಿನ ಕಡೆ ನೋಡಿ, "ರೇಣುಕಾ, ಚಿತ್ರಾನ್ನ ಮಾಡಕ್ಕೆ ಬರುತ್ತಲ್ಲ?" ಎಂದು ಕೇಳಿದರು. ಆಫೀಸಿನ ಕೆಲಸಕ್ಕೆಂದು ಲಂಡನ್ನಿಗೆ ಒಮ್ಮೆ ಹೋಗಿಬಂದಿದ್ದರಿಂದ ರೇಣುಕಾರ ಪಾಸ್‌ಪೋರ್ಟಿನಲ್ಲಿ ಅವಧಿ ಮುಗಿಯದ ಬ್ರಿಟನ್ ವೀಸಾ ಇತ್ತು. ಅಷ್ಟೇ ಅವರ ಅರ್ಹತೆ.

"ಆ ಫಸ್ಟ್ ಟ್ರಿಪ್ಪಲ್ಲಿ ನಾನು ಬೆಟ್ಟಾನೇ ನೋಡ್ಲಿಲ್ಲ. ಚಳಿಗೆ ಮೂಗು ಹಿಡ್ಕೊಂಡು ಪಾತ್ರೆ ತೊಳೆದಿದ್ದೇ ಬಂತು" ಎನ್ನುತ್ತಾರೆ. ಅಂದಿನ ಪ್ರವಾಸದ ಮುಖ್ಯಸ್ಥರು ಇಂಗ್ಲಿಷಿನಲ್ಲಿ ಹೇಳುತ್ತಿದ್ದುದು ಹಿರಿಯರ ಕಿವಿಗೆ ಬೀಳುತ್ತಿತ್ತು, ಮನಸ್ಸಿಗೆ ಇಳಿಯುತ್ತಿರಲಿಲ್ಲ. ಅವರೆಲ್ಲ ಅಡುಗೆಮನೆಗೆ ಬಂದು, "ಅವರು ಏನಂದ್ರಮ್ಮ?" ಎಂದು ಕೇಳುವರು. ಕೇಳಿದವರಿಗೆ ಹೇಳಬೇಕಲ್ಲ ಎಂದು ರೇಣುಕಾ ತಾವೇ ಓದತೊಡಗಿದರು. ಬೂನ್ ಲೇಯಿಂದ ಲಿಟಲ್ ಇಂಡಿಯಾಕ್ಕೆ ಎಂಆರ್‌ಟಿ ರೈಲಿನಲ್ಲಿ ಮುಕ್ಕಾಲು ಗಂಟೆಗೂ ಮೀರಿದ ದಾರಿ. ಹೋಗುವಾಗ ಬರುವಾಗ ತೊಡೆಯ ಮೇಲೆ ನಕ್ಷೆ. ಎರಡು ವರ್ಷ ಕಳೆಯುವಷ್ಟರಲ್ಲಿ ಮುಖ್ಯಸ್ಥರ ಜಾಗಕ್ಕೂ ಅವರೇ ಬಂದರು. ಅಡುಗೆಯೂ ಕೈಬಿಡಲಿಲ್ಲ.

ಅವರ ಹತ್ತಿರ ಇನ್ನೂರು ಪುಟದ ನೋಟ್‌ಬುಕ್ಕೊಂದಿದೆ. ಅಲ್ಲಿನ ಗೇಲಿಕ್ ಹೆಸರುಗಳನ್ನು ಇಂಗ್ಲಿಷಿನಲ್ಲಿ ಬರೆಯುವುದು ಒಂದು ಬಗೆ, ಜನ ಅನ್ನುವುದು ಇನ್ನೊಂದು. ಅದಕ್ಕೇ ರೇಣುಕಾ ಹೆಸರುಗಳನ್ನೆಲ್ಲ ಕೇಳಿದ ಹಾಗೇ ಕನ್ನಡ ಅಕ್ಷರದಲ್ಲಿ ಬರೆದುಕೊಂಡರು. ದ್ವೀಪಕ್ಕೆ ಏಲನ್, ಬೆಟ್ಟಕ್ಕೆ ಬೇನ್, ಕಡಲ ತೀರಕ್ಕೆ ತ್ರಾಯ್. ಪ್ರತಿ ಸಲವೂ ಅವರ ವ್ಯಾನ್ ಓಡಿಸುವ ಇಯನ್ ಎಂಬ ಸ್ಕೈ ದ್ವೀಪದ ಡ್ರೈವರ್ ಒಮ್ಮೆ ಪುಸ್ತಕ ಓದಿಸಿ ಕೇಳಿ, ತನ್ನ ಮೊಮ್ಮಕ್ಕಳೇ ಇಷ್ಟು ಸರಿಯಾಗಿ ಅನ್ನುವುದಿಲ್ಲ ಎಂದನಂತೆ. "ಅದ್ರಲ್ಲಿ ನಂದೇನಿಲ್ಲ. ನಮ್ಮ ಅಕ್ಷರ ಹಂಗಿದೆ. ಕೇಳಿದ್ದನ್ನ ಹಂಗೇ ಬರೀಬಹುದು."

ಹನ್ನೊಂದು ದಿನದಲ್ಲಿ ಮಲ್, ಸ್ಕೈ, ಹ್ಯಾರಿಸ್, ಲೂಯಿಸ್ ಎಂದು ಸುತ್ತಾಟ; ಐದು ಸಲ ಹಡಗು ಹತ್ತಿ ಇಳಿಯಬೇಕು. ಬೆಳಿಗ್ಗೆ ನಾಲ್ಕೂವರೆಗೆ ರೇಣುಕಾ ಏಳುತ್ತಾರೆ. ತಿಂಡಿ ಮುಗಿಸಿ, ಒಬ್ಬೊಬ್ಬರಿಗೂ ಸ್ಟೀಲ್ ಡಬ್ಬಿಯಲ್ಲಿ ಮಧ್ಯಾಹ್ನದ ಊಟ ತುಂಬಿ, ಎಂಟೂವರೆಗೆ ವ್ಯಾನ್ ಬಾಗಿಲಲ್ಲಿ ನಿಂತಿರುತ್ತಾರೆ. ತುಪ್ಪವನ್ನು ಇಲ್ಲಿಂದ ಒಯ್ಯಲು ಅಲ್ಲಿನ ಕಸ್ಟಮ್ಸ್ ಬಿಡುವುದಿಲ್ಲ. ಅಲ್ಲೇ ಬೆಣ್ಣೆ ಕೊಂಡು ಕಾಯಿಸುತ್ತಾರೆ. ಲೂಯಿಸ್ ದ್ವೀಪದಲ್ಲಿ ಭಾನುವಾರ ಬಹುತೇಕ ಅಂಗಡಿಗಳು ಮುಚ್ಚಿರುತ್ತವೆ, ಆದ್ದರಿಂದ ಶನಿವಾರವೇ ಮೊಸರಿಗೆ ಹೆಪ್ಪು ಹಾಕಬೇಕು. ಮೇ ಕೊನೆಯಲ್ಲಿ ಅಲ್ಲಿ ಸೂರ್ಯ ಹತ್ತು ಗಂಟೆಯಾದರೂ ಮುಳುಗುವುದಿಲ್ಲ. ಸಂಜೆಯ ಸಂಧ್ಯಾವಂದನೆ ಯಾವಾಗ ಮಾಡಲಿ ಎಂದು ಕೇಳುವವರಿಗೆ, "ಹಸಿವಾದಾಗ ಮಾಡ್ಬಿಡಿ, ದೇವರು ಅಡ್ಜಸ್ಟ್ ಮಾಡ್ಕೋತಾನೆ" ಎಂಬ ಪರಿಹಾರವೂ ಅವರಲ್ಲಿದೆ.

ಕೊರೊನಾ ಬಂದ ಎರಡು ವರ್ಷ ಆಫೀಸಿಗೆ ಬೀಗ. ಆಗ ರೇಣುಕಾ ಟುವಾಸ್‌ನ ಗೋದಾಮಿನಲ್ಲಿ ಪೆಟ್ಟಿಗೆಗಳಿಗೆ ಟೇಪ್ ಅಂಟಿಸಿದರು. ಬೆನ್ನು ನೋವು ಆಗ ಹಿಡಿದದ್ದು, ಇನ್ನೂ ಬಿಟ್ಟಿಲ್ಲ. ಅದನ್ನು ಕಷ್ಟವೆಂದು ಅವರು ಲೆಕ್ಕಕ್ಕೇ ಇಡುವುದಿಲ್ಲ. ಕಷ್ಟ ಯಾವುದೆಂದು ಕೇಳಿದರೆ ಮೂರು ವರ್ಷದ ಹಿಂದಿನ ಒಂದು ಮಂಜಿನ ಬೆಳಗಿನ ಕಥೆ ಹೇಳುತ್ತಾರೆ.

ಆ ಸಲದ ಒಂಬತ್ತು ಮಂದಿಯಲ್ಲಿ ದ್ವಾರಕನಾಥ, ಅಲಮೇಲು ದಂಪತಿ ಇದ್ದರು. ದ್ವಾರಕನಾಥರು ಮೈಸೂರಿನಲ್ಲಿ ಸಿವಿಲ್ ಎಂಜಿನಿಯರಿಂಗ್ ಪಾಠ ಮಾಡಿ ನಿವೃತ್ತರಾದವರು; ಆಗ ಎಪ್ಪತ್ತೈದು. ಅಲಮೇಲು ಪ್ರೈಮರಿ ಶಾಲೆಯ ಟೀಚರಾಗಿದ್ದವರು. ಸ್ಕೈ ದ್ವೀಪದ ಉತ್ತರಕ್ಕೆ ಒಂದು ಬೆಟ್ಟದ ಸಾಲಿದೆ. ಸಾವಿರಾರು ವರ್ಷಗಳಿಂದ ಕುಸಿಯುತ್ತ ಬಂದ ಬೆಟ್ಟ; ಈಗಲೂ ಇಷ್ಟಿಷ್ಟೇ ಜಾರುತ್ತಿದೆ. ಅಲ್ಲಿ ನಡೆಯಲು ಹೊರಟಾಗ ರೇಣುಕಾ ಎಲ್ಲರಿಗೂ ಸೀಟಿ ಹಂಚಿದರು. ದ್ವಾರಕನಾಥರು ತೆಗೆದುಕೊಳ್ಳಲಿಲ್ಲ. "ನಾನೇನು ಫುಟ್‌ಬಾಲ್ ರೆಫ್ರೀನಾ?" ಎಂದರು. ಎಲ್ಲರೂ ನಕ್ಕರು. ರೇಣುಕಾ ಕೂಡ ನಕ್ಕರು.

ಹನ್ನೊಂದೂವರೆಗೆ ಮಂಜು ಇಳಿಯಿತು. ಐದೇ ನಿಮಿಷದಲ್ಲಿ ಚಾಚಿದ ಕೈ ಕಾಣದಂತಾಯಿತು. ರೇಣುಕಾ ಎಲ್ಲರನ್ನೂ ಬಂಡೆಯೊಂದರ ಮರೆಗೆ ಸೇರಿಸಿ ಎಣಿಸಿದರು. ಎಂಟು ಜನ. ಇನ್ನೊಮ್ಮೆ ಎಣಿಸಿದರು. ಎಂಟೇ. ಬೆಟ್ಟ ಜಾರಿದ ಗುರುತು ನೋಡಬೇಕೆಂದು ದ್ವಾರಕನಾಥರು ಹಾದಿ ಬಿಟ್ಟು ಹೋಗಿದ್ದರು.

ರೇಣುಕಾ ಕೆಳಗೆ ವ್ಯಾನಿನಲ್ಲಿದ್ದ ಇಯನ್‌ಗೆ ವಾಕಿಟಾಕಿಯಲ್ಲಿ ತಿಳಿಸಿದರು. ಬೆಟ್ಟದ ರಕ್ಷಣಾ ದಳಕ್ಕೆ ಅವನು ಸುದ್ದಿ ಮುಟ್ಟಿಸಿದ. ದಳ ಬರಲು ಒಂದೂವರೆ ಗಂಟೆಯಾದರೂ ಬೇಕು. ಹುಡುಕಲು ಹೋದರೆ ಎಂಟು ಮಂದಿ ಹಿರಿಯರನ್ನು ಮಂಜಿನಲ್ಲಿ ಬಿಟ್ಟಂತೆ. ಹೋಗದಿದ್ದರೆ ಆ ಒಬ್ಬರ ಗತಿ? ಚೀಲದಿಂದ ಹಳದಿ ಹಗ್ಗ ತೆಗೆದು ಎಂಟು ಜನರ ಕೈಗೂ ಹಿಡಿಸಿ ಕೂರಿಸಿದರು. ಅಲಮೇಲು ಹಗ್ಗ ಬಿಟ್ಟು ಏಳಹೊರಟರು. ರೇಣುಕಾ ಅವರ ಎದುರು ಕುಕ್ಕರಗಾಲಲ್ಲಿ ಕೂತು, "ಆಂಟಿ, ಇವರೆಲ್ಲ ಈಗ ನಿಮ್ಮ ಕ್ಲಾಸು. ಐದು ನಿಮಿಷಕ್ಕೊಂದ್ಸಲ ಅಟೆಂಡೆನ್ಸ್ ಕೂಗಿ. ನಿಮ್ಮ ಧ್ವನಿ ಕೇಳೋ ಅಷ್ಟು ದೂರಾನೇ ನಾನು ಹೋಗೋದು" ಎಂದರು.

ಅಲಮೇಲು ಕಣ್ಣೊರೆಸಿಕೊಂಡು ಕೂಗತೊಡಗಿದರು. ಅನಂತರಾಮ್, ಹಾಜರ್. ಬದರೀನಾಥ, ಹಾಜರ್. ಎಂಟನೆಯದಾಗಿ ತಮ್ಮ ಹೆಸರನ್ನು ತಾವೇ ಹೇಳಿಕೊಂಡರು. ಎರಡನೆಯ ಸುತ್ತು ಮುಗಿದಾಗ ಒಂದು ಗಳಿಗೆ ತಡೆದರು. ನಲವತ್ತೆಂಟು ವರ್ಷದ ಸಂಸಾರದಲ್ಲಿ ಗಂಡನನ್ನು 'ರೀ' ಎಂದಲ್ಲದೆ ಬೇರೆ ಕರೆದವರಲ್ಲ. ಎದೆ ತುಂಬ ಉಸಿರೆಳೆದು ಕೂಗಿಯೇ ಬಿಟ್ಟರು: "ದ್ವಾರಕನಾಥ!"

ಮಂಜಿನೊಳಗಿಂದ, ಎಲ್ಲೋ ಎಡಗಡೆಯಿಂದ, ಟಣ್ ಟಣ್ ಎಂದು ಸದ್ದು ಬಂತು.

"ಯಾರಪ್ಪ ಇದು, ಹೆಂಗಸು, ನನ್ನ ಹೆಸರು ಹಿಡಿದು ಕೂಗ್ತಿರೋದು ಅಂತ ಶಾಕ್ ಆಯ್ತು" ಎಂದು ದ್ವಾರಕನಾಥರು ಈಗ ನಗುತ್ತ ಹೇಳುತ್ತಾರೆ. "ಕೂಗಿದ್ರೆ ಗಾಳೀಗೆ ನನ್ನ ಧ್ವನಿ ಏಳ್ತಿರ್ಲಿಲ್ಲ. ಊಟದ ಡಬ್ಬಿ ತೆಗೆದು ಕಲ್ಲಲ್ಲಿ ಬಡಿದೆ."

ಅಲಮೇಲು ಕೂಗುತ್ತಲೇ ಇದ್ದರು. ಡಬ್ಬಿಯ ಸದ್ದು ಹಿಡಿದು ರೇಣುಕಾ ಕೈಕಾಲೂರಿ ತೆವಳುತ್ತ ಹೋದರು. ದ್ವಾರಕನಾಥರು ಪಾದ ಉಳುಕಿಸಿಕೊಂಡು ಹುಲ್ಲಿನ ಮೇಲೆ ಕೂತಿದ್ದರು. ಅವರಿಂದ ಹತ್ತು ಹೆಜ್ಜೆಗೆ ನೆಲವೇ ಮುಗಿದಿತ್ತು. ರೇಣುಕಾ ತಮ್ಮ ಸೀಟಿ ಊದಿ, ಸಿಕ್ಕಿದ್ದಾರೆಂದು ಎಲ್ಲರಿಗೂ ತಿಳಿಸಿದರು. "ತಪ್ಪು ನಂದು ಕಣಮ್ಮ" ಎಂದರು ಮೇಷ್ಟ್ರು. "ಮೊದ್ಲು ಚಿತ್ರಾನ್ನ ತಿನ್ನಿ ಸಾರ್, ಕೈ ತಣ್ಣಗಾಗಿದೆ" ಎಂದರು ರೇಣುಕಾ. ಮಧ್ಯಾಹ್ನ ಎರಡರ ಹೊತ್ತಿಗೆ ಮಂಜು ತೆಳುವಾಗಿ, ದಳದವರು ಬಂದು ಒಬ್ಬರನ್ನು ಸ್ಟ್ರೆಚರಿನಲ್ಲಿ, ಉಳಿದವರನ್ನು ಕೈಹಿಡಿದು ಇಳಿಸಿದರು.

ಸಿಂಗಪುರಕ್ಕೆ ಮರಳಿದ ಮೂರನೇ ದಿನ ಮೇಷ್ಟ್ರ ಮಗಳು ರಜನಿ ಆಫೀಸಿಗೆ ಬಂದರು. ಪಾಯಾ ಲೆಬಾರ್‌ನ ಬ್ಯಾಂಕೊಂದರಲ್ಲಿ ದೊಡ್ಡ ಹುದ್ದೆಯಲ್ಲಿರುವವರು. "ಎಪ್ಪತ್ತೈದು ವರ್ಷದವರನ್ನ ಬೆಟ್ಟದಲ್ಲಿ ಕಳೆದುಹಾಕಿದ್ರಲ್ಲ, ನಿಮ್ಮನ್ನ ನಂಬಿ ಕಳಿಸಿದ್ದು ನಾನು" ಎಂದು ಎಲ್ಲರೆದುರೇ ಕೂಗಾಡಿದರು. ಸುಭಾಷ್ ಹೆದರಿದರು. ಸೆಪ್ಟೆಂಬರಿನ ಪ್ರವಾಸ ರದ್ದಾಯಿತು. ರೇಣುಕಾ ಮತ್ತೆ ಟಿಕೆಟ್ ಕೌಂಟರಿಗೆ ಬಂದರು.

ರಜನಿಯ ಮೇಲೆ ಅವರಿಗೆ ಸಿಟ್ಟಿಲ್ಲ. "ಮಗಳು, ಅವಳಿಗೆ ಬೈಯೋ ಹಕ್ಕಿದೆ. ಸೀಟಿ ಬೇಡ ಅಂದಾಗ್ಲೇ ನಾನು ಅವರನ್ನ ವ್ಯಾನಲ್ಲೇ ಕೂರಿಸ್ಬೇಕಿತ್ತು. ದೊಡ್ಡವರು, ಮೇಷ್ಟ್ರು, ಅಂತ ನಕ್ಕು ಸುಮ್ಮನಾದೆ. ಆ ನಗು ನಂದೇ ತಪ್ಪು." ಮನೆಯಲ್ಲಿ ಏಳು ತಿಂಗಳು ಆ ಮಾತೇ ಎತ್ತಲಿಲ್ಲ. ಒಂದು ಸಂಜೆ ಅಚ್ಯುತ ಬೀರು ತೆರೆದಾಗ ಕನ್ನಡದ ಆ ನೋಟ್‌ಬುಕ್ ಹಳೆಯ ಸೀರೆಗಳ ಅಡಿಯಲ್ಲಿತ್ತು. ತೆಗೆದು ಊಟದ ಮೇಜಿನ ಮೇಲಿಟ್ಟರಂತೆ.

ಜನವರಿಯಲ್ಲಿ ದ್ವಾರಕನಾಥರು ಕೋಲೂರಿಕೊಂಡು ಆಫೀಸಿಗೆ ಬಂದರು. ಅಪ್ಪ ಅರ್ಧ ಕಥೆಯನ್ನಷ್ಟೇ ಮಗಳಿಗೆ ಹೇಳಿದ್ದರು. ಸೀಟಿ ಬೇಡವೆಂದದ್ದು, ಹೇಳದೆ ಹಾದಿ ಬಿಟ್ಟದ್ದು ನುಂಗಿಕೊಂಡಿದ್ದರು. ಉಳಿದರ್ಧವನ್ನು ಕೊನೆಗೆ ಮಗಳಿಗೆ ಹೇಳಿ ಬಂದಿದ್ದರು. "ಮೂವತ್ತೈದು ವರ್ಷ ಹುಡುಗ್ರಿಗೆ ಸೇಫ್ಟಿ ಪಾಠ ಮಾಡಿದೋನು ನಾನು. ನನ್ನ ಜಂಬಕ್ಕೆ ಈ ಹೆಣ್ಣುಮಗಳ ಕೆಲಸ ಹೋಗ್ಬಾರ್ದು" ಎಂದು ಸುಭಾಷ್ ಎದುರು ಕೂತರು. ಮರುವಾರ ರಜನಿಯೂ ಬಂದರು. "ಸಾರಿ ಕೇಳಕ್ಕೆ ಬಂದಿಲ್ಲ ರೇಣುಕಾ ಅವರೇ. ಇನ್ಮೇಲೆ ವಿಸಲ್ ಇಲ್ದೆ ಯಾರನ್ನೂ ಮೇಲೆ ಬಿಡ್ಬೇಡಿ, ನಮ್ಮಪ್ಪ ಆದ್ರೂ ಸರಿ. ಅಷ್ಟು ಹೇಳಕ್ಕೆ ಬಂದೆ" ಎಂದರು. ಹೋಗುವಾಗ ಬಾಗಿಲಲ್ಲಿ ತಿರುಗಿ, "ಮೇ ತಿಂಗಳಿಗೆ ನಮ್ಮತ್ತೆಗೆ ಒಂದು ಸೀಟ್ ಬುಕ್ ಮಾಡಿ" ಎಂದರು.

ಈ ಮೆಟ್ಟಿಲ ತರಬೇತಿ ಹುಟ್ಟಿದ್ದು ಆಮೇಲೆಯೇ. ಹೊರಡುವುದಕ್ಕೆ ಮುಂಚೆ ನಾಲ್ಕು ವಾರ, ವಾರಕ್ಕೆ ಮೂರು ಬೆಳಗು, ಹದಿಮೂರು ಮಹಡಿ. ಏರಲಾಗದವರಿಗೆ ರೇಣುಕಾ ಮುಖಕ್ಕೆ ಹೊಡೆದ ಹಾಗೆ ಬೇಡವೆನ್ನುವುದಿಲ್ಲ. "ನೀವು ತೀರದ ಟೀಮು, ಇಯನ್ ಜೊತೆ ಸೀಲ್ ಪ್ರಾಣಿ ನೋಡೋರು" ಎನ್ನುತ್ತಾರೆ. ಸೀಟಿ ಪರೀಕ್ಷೆ ಮಾತ್ರ ದ್ವಾರಕನಾಥರದು. ಸಿಂಗಪುರದಲ್ಲಿದ್ದಾಗಲೆಲ್ಲ ನಸುಕಿಗೇ ಬಂದು, ಒಬ್ಬೊಬ್ಬರಿಂದಲೂ ಊದಿಸಿ ನೋಡುತ್ತಾರೆ. ಅಲಮೇಲು ಅವರನ್ನು ಮತ್ತೆ 'ರೀ' ಎಂದೇ ಕರೆಯುತ್ತಾರೆ.

ಇಂದು ಏಳೂಕಾಲರ ಹೊತ್ತಿಗೆ ಒಂಬತ್ತು ಮಂದಿಯೂ ಹದಿಮೂರನೆಯ ಮಹಡಿ ಮುಟ್ಟಿದ್ದಾರೆ. ಮುಖಗಳು ಟೊಮೇಟೊ. ರೇಣುಕಾ ಎಲ್ಲರಿಗೂ ಮಜ್ಜಿಗೆ ಬಗ್ಗಿಸುತ್ತಾರೆ. ಮೇ ತಿಂಗಳಲ್ಲಿ ಹೊರಡುವುದು ಅವರ ಇಪ್ಪತ್ತನೆಯ ಪ್ರವಾಸ. ಆಫೀಸಿನ ಬಣ್ಣದ ಕರಪತ್ರದಲ್ಲಿ ಇಷ್ಟು ವರ್ಷ ಬೆಟ್ಟವಿತ್ತು, ಹಡಗಿತ್ತು, ಕುರಿಮಂದೆಯೂ ಇತ್ತು. ರೇಣುಕಾ ಎಲ್ಲಿಯೂ ಇರಲಿಲ್ಲ. ಈ ಸಲ ಸುಭಾಷ್ ಅವರ ಬಗ್ಗೆ ಒಂದು ಸಾಲು ಹಾಕಬೇಕೆಂದು, ಏನು ಬರೆಯಲಿ ಎಂದು ಅವರನ್ನೇ ಕೇಳಿದ್ದಾರೆ. ಡಿಗ್ರಿ ಇಲ್ಲ, ಪ್ರಶಸ್ತಿ ಇಲ್ಲ, ಏನಂತ ಬರೆಸುವುದು? ರೇಣುಕಾ ಎರಡು ದಿನ ಯೋಚಿಸಿ, ಹಳೆಯ ಪಟ್ಟಿಗಳನ್ನೆಲ್ಲ ತೆಗೆದು ಕೂಡಿಸಿ, ಒಂದು ಚೀಟಿಯಲ್ಲಿ ಬರೆದುಕೊಟ್ಟಿದ್ದಾರೆ.

"ಇದುವರೆಗೆ ಕರೆದುಕೊಂಡು ಹೋದವರು ನೂರ ಎಪ್ಪತ್ತೆಂಟು ಜನ. ವಾಪಸ್ ಕರೆದುಕೊಂಡು ಬಂದವರು ನೂರ ಎಪ್ಪತ್ತೆಂಟು ಜನ."