ಫ್ಯಾನ್ ಬೇಡ ಎಂದ ಮೇಲೆ ಬಂದ ಗಾಳಿ

ಕೇಳ್ರಪ್ಪ, ನನಗಿನ್ನೂ ಮೈ ಜುಮ್ಮೆನ್ನುತ್ತಿದೆ. ಹಳೇ ಕಾಲದ ಬೇಸಾಯದ ಬಗ್ಗೆ ಸಾಕ್ಷ್ಯಚಿತ್ರ ತೆಗೆಯುವವರು ಇವತ್ತು ಅತ್ತಿಬೆಲೆ ಪಕ್ಕದ ನಮ್ಮ ಹೊಲಕ್ಕೆ ಬಂದಿದ್ದರು. ಈಗ ನಾವು ರಾಗಿಯನ್ನು ಟಾರು ರಸ್ತೆಯ ಮೇಲೆ ಹರಡಿ ಲಾರಿ ಚಕ್ರದಲ್ಲೇ ತುಳಿಸುವವರು. ಅವರಿಗೋಸ್ಕರ ಸಗಣಿ ಸಾರಿಸಿ ಕಣ ಮಾಡಿದೆವು. ತೂರಲು ಹೋದರೆ ಒಂದೆಲೆಯೂ ಅಲ್ಲಾಡಲಿಲ್ಲ. ಹೊತ್ತು ಮುಳುಗಿದರೆ ಚಿತ್ರವೂ ಇಲ್ಲ. ಡೈರೆಕ್ಟರ್ ಹುಡುಗಿ, "ಅಜ್ಜಿ, ಟೇಬಲ್ ಫ್ಯಾನ್ ಇಡೋಣ್ವಾ?" ಎಂದಳು.

"ಫ್ಯಾನು ನಿನ್ ಮಕಕ್ಕೆ ಇಟ್ಕೊಳವ್ವ. ಕಣಕ್ಕೆ ಗಾಳೀನ ಕರೀಬೇಕು" ಎಂದುಬಿಟ್ಟೆ. ಬರದಿದ್ದರೆ ಮಾನ ಹೋಗುತ್ತದಲ್ಲ ಎಂಬ ಅಳುಕೂ ಇತ್ತು. ನಮ್ಮತ್ತೆ ಕರೆಯುತ್ತಿದ್ದ ಹಾಗೆ ಮೊರವನ್ನು ತಲೆಯ ಮೇಲೆತ್ತಿ, "ಬಾರಪ್ಪ ಗಾಳಿರಾಯ, ಹೊಟ್ಟು ನಿಂಗೆ, ಕಾಳು ನಮ್ಗೆ" ಎಂದು ಕೂಗಿದೆ.

ಬಂತು ಕಣ್ರೀ! ಹೊಲದಾಚೆ ಎದ್ದಿರುವ ಯಾವುದೋ ಕಂಪನಿಯ ಗಾಜಿನ ಕಟ್ಟಡದ ಕಡೆಯಿಂದ ಬೀಸಿ ಬಂತು. ಹೊಟ್ಟೆಲ್ಲ ಸಂಜೆ ಬಿಸಿಲಲ್ಲಿ ಹೊಳೆಯುತ್ತ ಹಾರಿತು, ರಾಗಿ ನನ್ನ ಕಾಲ ಬಳಿ ಸುರಿಯಿತು. ಕ್ಯಾಮೆರಾದವನಂತೂ ಕ್ಯಾಮೆರಾ ಬಿಟ್ಟು ಕೈಮುಗಿದು ನಿಂತಿದ್ದ.

"ಅಜ್ಜಿ, ರೆಕಾರ್ಡೇ ಆಗ್ಲಿಲ್ಲ. ಇನ್ನೊಂದ್ಸಲ ಕರೀತೀರಾ?" ಎಂದಳು ಆ ಹುಡುಗಿ.

"ಅವ್ನೇನ್ ನಿಮ್ ಕ್ಯಾಬ್ ಡ್ರೈವರ್ರಾ, ಕರ್ದಾಗ್ಲೆಲ್ಲ ಬರಾಕೆ?" ಎಂದೆ.