ಇಲ್ಲದ ಅಚ್ಚು

ಓವನ್ನಿನ ಬಾಗಿಲು ತೆರೆದಾಗ ಓಟ್ಸ್ ಮತ್ತು ಬೆಲ್ಲ ಬೆಂದ ವಾಸನೆ ಬರುತ್ತದಲ್ಲ, ಅದಕ್ಕೆ ನಿಮಗೆ ಬಾಯಲ್ಲಿ ನೀರೂರಬಹುದು. ನನಗೆ ಮೊದಲು ಮುಖ ಬಿಸಿಯಾಗುತ್ತದೆ. ಕಾರಣ ಹೇಳುತ್ತೇನೆ, ನಗಬೇಡಿ. ನಕ್ಕರೂ ಅಡ್ಡಿಯಿಲ್ಲ.

ನಮ್ಮ ಕುಟುಂಬದಲ್ಲಿ ಪದವಿ ಪಡೆದವರಲ್ಲಿ ನಾನೇ ಮೊದಲು. ಇದನ್ನು ಕೇಳದವರಿಗೂ ಹೇಳುತ್ತೇನೆ. ಬಸ್ಸಿನಲ್ಲಿ ಪಕ್ಕ ಕೂತವರಿಗೂ ಹೇಳಿದ್ದುಂಟು. ಹೇಳದೆ ಬಿಡುತ್ತಿದ್ದುದು ಒಂದೇ: ಓದಿಸಿದ್ದು ಅಮ್ಮನ ಬೀಡಿ. ಪೊಳಲಿ ಕಡೆಯ ನಮ್ಮ ಮನೆಯ ಜಗಲಿಯಲ್ಲಿ, ಮಡಿಲ ಮೇಲೆ ಗೆರಸೆ ಇಟ್ಟುಕೊಂಡು, ಎಲೆ ಕತ್ತರಿಸಿ, ಹೊಗೆಸೊಪ್ಪು ತುಂಬಿ, ನೂಲು ಸುತ್ತುತ್ತ ಅವಳು ಕೂತಿರುತ್ತಿದ್ದಳು. ಮೂಡುಬಿದಿರೆಯ ಕಾಲೇಜಿನಲ್ಲಿ ನಾನು ಪಾಠ ಮಾಡಲು ಸೇರಿದಾಗ, "ತಾಯಿ ಎಂತ ಮಾಡ್ತಾರೆ?" ಎಂದವರಿಗೆ "ಮನೆಯಲ್ಲೇ" ಎಂದೆ. ಸುಳ್ಳಲ್ಲವಲ್ಲ, ಬೀಡಿ ಕಟ್ಟುತ್ತಿದ್ದುದು ಮನೆಯಲ್ಲೇ.

ಅಲ್ಲಿ ಶನಿವಾರಕ್ಕೊಬ್ಬರು ಮನೆಯ ತಿಂಡಿ ತರುವ ಪದ್ಧತಿ. ನನ್ನ ಸರದಿಗೆ ಕೆಸುವಿನೆಲೆಯ ಪತ್ರೊಡೆ ಒಯ್ದರೆ ಪದವಿಯ ಮರ್ಯಾದೆ ಏನಾಗಬೇಕು? ಪಕ್ಕದ ಮನೆಯ ಜೊಹರಾ ಅಕ್ಕ, ಮಗ ಗಲ್ಫಿನಿಂದ ತಂದ ಓಟ್ಸ್ ಡಬ್ಬ, ಖರ್ಜೂರ, ಬಾದಾಮಿಯಲ್ಲಿ ನಮಗೂ ಪಾಲು ಕೊಟ್ಟಿದ್ದರು. ಡಬ್ಬದ ಮೇಲೆ ಕುಕೀಸ್ ಮಾಡುವ ಕ್ರಮ ಇಂಗ್ಲಿಷಿನಲ್ಲಿತ್ತು. ಅದನ್ನು ಓದಬಲ್ಲವಳು ಮನೆಯಲ್ಲಿ ನಾನೊಬ್ಬಳೇ. ಓದಿದೆ, ಬೆಣ್ಣೆ ಧಾರಾಳ ಹಾಕಿದೆ, ಸಂಬಳದಲ್ಲಿ ಕೊಂಡ ಹೊಸ ಓವನ್ನಿನಲ್ಲಿ ಬೇಯಿಸಿದೆ. ಉಂಡೆಗಳೆಲ್ಲ ಕರಗಿ ಒಂದಕ್ಕೊಂದು ಕೂಡಿ ತಟ್ಟೆಯಗಲ ಹರಡಿಕೊಂಡವು.

"ಇದೆಂತ ಮಾರಾಯ್ತಿ, ನೀರುದೋಸೆಯಾ?" ಅಮ್ಮ ಇಣುಕಿದಳು.

"ಕುಕೀಸ್."

"ಹೆಸರು ಒಳ್ಳೇದುಂಟು. ಸ್ವಲ್ಪ ಆಚೆ ಕೂತ್ಕೊ."

ಎರಡನೆಯ ಹಿಟ್ಟಿಗೆ ಅವಳೇ ಕೈಹಾಕಿದಳು. ಖರ್ಜೂರವನ್ನು ಬೀಡಿ ಎಲೆಯ ಕತ್ತರಿಯಿಂದಲೇ ಕತ್ತರಿಸಿದಳು. ತೊಳೆದು ಕತ್ತರಿಸಿದ್ದು, ಗಾಬರಿಯಾಗಬೇಡಿ. ಒಣದ್ರಾಕ್ಷಿ, ಗೇರುಬೀಜ ಸೇರಿಸಿ, ಕಣ್ಣು ಬೇರೆಲ್ಲೋ ಇಟ್ಟುಕೊಂಡೇ ಉಂಡೆ ಕಟ್ಟಿ ತಟ್ಟಿದಳು. ಕಟ್ಟಿದ ಬೀಡಿ ಒಪ್ಪಿಸುವ ಕಂಪನಿಯ ಬ್ರಾಂಚಿನಲ್ಲಿ ಅದನ್ನು ಪರೀಕ್ಷಿಸುವವರು ಸರಿಯಿಲ್ಲದ್ದನ್ನು ಮುರಿದು ಹಾಕುತ್ತಾರೆ. ನಾನು ಕಟ್ಟಿದ ನಾಲ್ಕು ಉಂಡೆಗಳಿಗೂ ಅಮ್ಮನ ಕೈಯಲ್ಲಿ ಅದೇ ಗತಿಯಾಯಿತು. ಬೆಂದು ಬಂದಾಗ ಒಂದಕ್ಕೂ ಇನ್ನೊಂದಕ್ಕೂ ಕೂದಲೆಳೆಯ ವ್ಯತ್ಯಾಸವಿರಲಿಲ್ಲ.

ಶನಿವಾರ ಕಾಲೇಜಿನಲ್ಲಿ ಹಿರಿಯ ಸಹೋದ್ಯೋಗಿ ಶಾರದಾ ಮೇಡಂ ಒಂದನ್ನು ಎತ್ತಿ ಹಿಡಿದು, "ಎಲ್ಲ ಒಂದೇ ಅಳತೆ ಉಂಟಲ್ಲ! ಅಚ್ಚು ಎಲ್ಲಿ ಸಿಕ್ಕಿತು?" ಎಂದರು.

"ಮಂಗಳೂರಿನಲ್ಲಿ" ಎಂದೆ. ಎಷ್ಟು ಸಲೀಸಾಗಿ ಬಂತು ನೋಡಿ.

ಮುಂದಿನ ಭಾನುವಾರ ಅವರು ಅಚ್ಚು ನೋಡಲು ಮನೆಗೇ ಬಂದುಬಿಟ್ಟರು. ಅಮ್ಮ ಜಗಲಿಯಲ್ಲಿ ಗೆರಸೆಯೊಂದಿಗೆ ಕೂತಿದ್ದಳು. ನಾನು ಬಾಗಿಲಲ್ಲಿ ಕಂಬವಾದೆ.

"ಅಮ್ಮಾ, ಆ ಕುಕೀಸಿನ ಅಚ್ಚು ಒಮ್ಮೆ ತೋರಿಸ್ತೀರಾ?" ಎಂದರು ಮೇಡಂ.

ಅಮ್ಮ ನನ್ನ ಮುಖ ನೋಡಿದಳು. ಅರೆಕ್ಷಣವಷ್ಟೆ. "ಅಯ್ಯೋ, ಅದನ್ನು ಜೊಹರಾ ಕೊಂಡುಹೋಗಿದ್ದಾಳೆ ಮೇಡಂ. ನೀವು ಕೂತ್ಕೊಳ್ಳಿ, ಚಾ ಕುಡಿಯುವ." ಹಾಗೆನ್ನುತ್ತಲೇ ಗೆರಸೆಯನ್ನು ಮೆಲ್ಲಗೆ ಬೆನ್ನ ಹಿಂದಕ್ಕೆ ಸರಿಸಿದಳು.

ಅಷ್ಟೆಲ್ಲ ಓದಿದವಳು ನಾನು ಏನು ಮಾಡಿದೆ? ಚಾ ಮಾಡಿದೆ.

ಈಗ ಕಣ್ಣು ಮಂಜಾಗಿ ಅಮ್ಮ ಬೀಡಿ ಬಿಟ್ಟಿದ್ದಾಳೆ. ಇವತ್ತು ಕಾಲೇಜಿಗೆ ಹೊಸದಾಗಿ ಸೇರಿದ ಹುಡುಗಿಯೊಬ್ಬಳು ಕುಕೀಸ್ ಮಾಡುವ ಕ್ರಮ ಬರೆದು ಕಳಿಸಿ ಎಂದಿದ್ದಾಳೆ. ಮೊದಲ ತಟ್ಟೆ ಬೇಯುತ್ತಿರುವಾಗ ಮೊಬೈಲಿನಲ್ಲಿ ಬರೆಯುತ್ತ, ಉಂಡೆ ಕಟ್ಟುವಲ್ಲಿಗೆ ಬಂದು ಬೆರಳು ನಿಂತಿತು.

"ಅಮ್ಮಾ, ನೀನು ಬೀಡಿ ಕಟ್ತಿದ್ದೆ ಅಂತ ಬರೆಯಲಾ?"

"ಬರಿ. ನಾಚಿಕೆ ನನಗೆ ಯಾವಾಗ ಇತ್ತು? ನಿನಗೆ ಇತ್ತು, ಅದಕ್ಕೆ ಅಡಗಿಸಿದ್ದು."

"ಅಚ್ಚು ಇಲ್ಲ, ಅಮ್ಮ ಬೀಡಿ ಕಟ್ತಿದ್ರು, ಉಂಡೆ ಕಟ್ಟಿದ್ದೂ ಅದೇ ಕೈ" ಎಂದು ಬರೆದೆ. ಅವಳಿಗೆ ಓದಲು ಬಾರದ್ದರಿಂದ ಗಟ್ಟಿಯಾಗಿ ಓದಿ ಹೇಳಿದೆ. ತಲೆ ಅಲ್ಲಾಡಿಸಿದಳು.

"ಬರೀ ಕಟ್ತಿದ್ರು ಅಂದ್ರೆ ಸಾಕಾಗುದಿಲ್ಲ. ಚಂದ ಕಟ್ತಿದ್ರು ಅಂತ ಹಾಕು."

ಹಾಕಿದೆ.